ಬಗ್ಗಿ ನೋಡಿದ ಕಾಡು

ದನದ ಡಾಕ್ಟರ ಕೆಲಸ ಶುರುವಾಗುವುದೇ ಸಗಣಿಯಿಂದ. ಕೊಟ್ಟಿಗೆಯ ಬಾಗಿಲಲ್ಲಿ ನಿಂತು ನಾನು ಕೇಳುತ್ತಿದ್ದ ಮೊದಲ ಪ್ರಶ್ನೆ, "ಸಗಣಿ ಹೆಂಗೆ ಹಾಕ್ತಿದೆ?" ಗಟ್ಟಿಯೋ ನೀರೋ, ಬಣ್ಣ ಯಾವುದು, ಲೋಳೆ ಇದೆಯೋ ರಕ್ತ ಇದೆಯೋ, ತಿಂದ ಹುಲ್ಲು ನುಣ್ಣಗಾಗಿದೆಯೋ ಇಡಿಯಾಗಿ ಬಂದಿದೆಯೋ ಎಂದು ನೋಡಿದರೆ ಅರ್ಧ ರೋಗ ಗೊತ್ತಾದ ಹಾಗೆ. ಮಾತು ಬಾರದ ರೋಗಿಯನ್ನು ನೋಡುವವನಿಗೆ ಬೇರೆ ದಾರಿಯೂ ಇಲ್ಲ. ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ಎಂಬ ಮೂರು ತಾಲ್ಲೂಕುಗಳ ಒಳಗೇ ವರ್ಗವಾಗುತ್ತ ನನ್ನ ಸರ್ವೀಸು ಮುಗಿಯಿತು. ಆಗೆಲ್ಲ ಬೈಕು ಹೋಗುವಲ್ಲಿಗೆ ಹೋಗಿ, ಆಮೇಲೆ ಔಷಧಿ ಚೀಲ ಹೆಗಲಿಗೇರಿಸಿ ನಡೆಯಬೇಕಾದ ಮನೆಗಳೇ ಹೆಚ್ಚು. ಹಕ್ಕಲು ದಾಟಿ, ಹಾಡ್ಯ ನುಗ್ಗಿ, ಯಾರದೋ ಕಾಫಿ ತೋಟದ ಉಣುಗೋಲು ಸರಿಸಿ ಹೋಗುವ ಆ ಕಾಲುದಾರಿಗಳಲ್ಲಿ ಕಣ್ಣು ತಾನಾಗಿ ನೆಲದ ಮೇಲೆ ಇರುತ್ತಿತ್ತು. ಕೊಟ್ಟಿಗೆಯಲ್ಲಿ ಪಳಗಿದ ಕಣ್ಣು ಕಾಡಿನಲ್ಲಿ ಸುಮ್ಮನಿರುತ್ತದೆಯೇ?

ನೋಡುವುದನ್ನು ಕಲಿಸಿದವರು ಮಾತ್ರ ಕಾಲೇಜಿನ ಮೇಷ್ಟ್ರುಗಳಲ್ಲ. ನಾನು ಹುಡುಗನಾಗಿದ್ದಾಗ ನಮ್ಮ ಮನೆಯ ದನ ಕಾಯುತ್ತಿದ್ದ ಒಬ್ಬ ಅಜ್ಜನಿದ್ದ. ದನ ಹೊಡೆದುಕೊಂಡು ಗುಡ್ಡಕ್ಕೆ ಹೋದವನು ಸಂಜೆ ಬಂದು ಜಗಲಿಯ ಕೆಳಗೆ ಕೂತು ಅಪ್ಪನಿಗೆ ಆ ದಿನದ ವರದಿ ಒಪ್ಪಿಸುತ್ತಿದ್ದ. ಕಡವೆ ಹಳ್ಳ ದಾಟಿದೆ, ಹಂದಿ ಮೇಲಿನ ಗದ್ದೆ ಅಂಚಿಗೆ ಬಂದಿದೆ, ಮುಳ್ಳಂದಿ ಅಡಿಕೆ ಸಸಿಗೆ ಕೈ ಹಾಕುವುದು ಖಂಡಿತ. ಯಾವ ಪ್ರಾಣಿಯನ್ನೂ ಅವನು ಕಂಡಿರುತ್ತಿರಲಿಲ್ಲ, ಹಿಕ್ಕೆ ಕಂಡಿರುತ್ತಿದ್ದ. ಒಂದು ದಿನ ನನ್ನನ್ನೂ ಕರೆದುಕೊಂಡು ಹೋಗಿ ಹುಲ್ಲಿನ ಮೇಲೆ ಬಿದ್ದಿದ್ದ ಕಪ್ಪು ಹಿಕ್ಕೆಗಳನ್ನು ಕೋಲಿನಿಂದ ಬದಿಗೆ ಸರಿಸಿದ. ಅಡಿಯಲ್ಲಿದ್ದ ಹುಲ್ಲು ಹಸಿರಾಗೇ ಇತ್ತು. "ನಿನ್ನೆ ರಾತ್ರೀದು," ಎಂದ. ನಾಲ್ಕು ಮಾರು ಮುಂದೆ ಇನ್ನೊಂದು ರಾಶಿ, ಅದೇ ಬಣ್ಣ, ಅದೇ ಗಾತ್ರ. ಸರಿಸಿದರೆ ಅಡಿಯ ಹುಲ್ಲು ಬಿಸಿಲು ಕಾಣದೆ ಹಳದಿ ತಿರುಗಿತ್ತು. "ಇದು ವಾರದ ಹಿಂದಿಂದು." ಮೇಲಿನಿಂದ ನೋಡಿದರೆ ಎರಡಕ್ಕೂ ವ್ಯತ್ಯಾಸವೇ ಇರಲಿಲ್ಲ. ಹಿಕ್ಕೆ ನೋಡುವುದೆಂದರೆ ಅದರ ಅಡಿಯನ್ನೂ ನೋಡುವುದು ಎಂದು ನನಗೆ ಗೊತ್ತಾದದ್ದು ಆ ದಿನ.

ಅವನು ಹೇಳಿದ್ದಕ್ಕೆಲ್ಲ ಕಾರಣ ಸಿಕ್ಕಿದ್ದು ಪಶುವೈದ್ಯ ಕಾಲೇಜಿನಲ್ಲಿ ಕರುಳು ಕೊಯ್ದು ಹರಡಿ ಕೂತಾಗ. ಮೆಲುಕು ಹಾಕುವ ಪ್ರಾಣಿ ತಿಂದದ್ದನ್ನು ಎರಡು ಸಲ ಅಗಿಯುತ್ತದೆ. ಹಾಗಾಗಿ ದನ, ಕಾಟಿ, ಕಡವೆ ಯಾವುದರ ಸಗಣಿ ಹಿಕ್ಕೆ ಒಡೆದು ನೋಡಿದರೂ ನಾರು ನುಣ್ಣಗಿರುತ್ತದೆ. ಕಡವೆ, ಜಿಂಕೆ, ಕಾಡುಕುರಿಗಳ ದೊಡ್ಡ ಕರುಳು ನೀರನ್ನು ಚೆನ್ನಾಗಿ ಹಿಂಡಿಕೊಂಡು, ಉಳಿದದ್ದನ್ನು ತುಂಡು ತುಂಡಾಗಿ ಒತ್ತಿ ಕಳಿಸುತ್ತದೆ. ಅದಕ್ಕೇ ಅವುಗಳದ್ದು ಕಾಳು ಕಾಳು. ದನಕ್ಕೂ ಕಾಟಿಗೂ ಆ ಹಿಂಡುವ ಕೆಲಸ ಅಷ್ಟಿಲ್ಲ, ಹಾಗಾಗಿ ಬೀಳುವುದು ತೊಪ್ಪೆ. ಕಡವೆಯ ಹಿಕ್ಕೆಗೆ ಒಂದು ತುದಿ ಚೂಪು, ಇನ್ನೊಂದು ತುದಿಯಲ್ಲಿ ಸಣ್ಣ ಕುಳಿ. ಜಿಂಕೆಯದು ಅದೇ ಅಚ್ಚಿನಲ್ಲಿ ಚಿಕ್ಕದು, ಕಾಡುಕುರಿಯದು ಇನ್ನೂ ಚಿಕ್ಕದು. ಬರ್ಕದ ಹಿಕ್ಕೆಯನ್ನಂತೂ ದರಗಿನ ನಡುವೆ ಹುಡುಕಬೇಕು. ಆದರೆ ಮುಂಗಾರಿನ ಎಳೆಹುಲ್ಲು ತಿಂದ ಕಡವೆಯ ಹಿಕ್ಕೆ ಕಾಳಾಗಿ ಬೀಳದೆ ಒಂದಕ್ಕೊಂದು ಅಂಟಿ ಮುದ್ದೆಯಾಗಿ ಬೀಳುತ್ತದೆ, ಚಿತ್ರ ನೋಡಿ ಕಲಿತವರು ಅಲ್ಲಿ ದಾರಿ ತಪ್ಪುತ್ತಾರೆ. ಮೊಲದ ಹಿಕ್ಕೆ ದುಂಡಗೆ, ಸ್ವಲ್ಪ ಚಪ್ಪಟೆ. ಒಡೆದರೆ ಬರೀ ಒಣನಾರು. ಅದು ತನ್ನ ಮೆತ್ತನೆಯ ಹಿಕ್ಕೆಯನ್ನು ತಾನೇ ತಿಂದು ಎರಡನೇ ಸಲ ಅರಗಿಸಿಕೊಳ್ಳುತ್ತದೆ. ನಾವು ಕಾಣುವುದು ಆ ಎರಡನೇ ಸಲದ್ದು. ಮುಳ್ಳುಹಂದಿಯದು ಉದ್ದ, ನಾರು ನಾರು, ಕೆಲವೊಮ್ಮೆ ಒಂದಕ್ಕೊಂದು ಎಳೆ ಹಿಡಿದು ಸಾಲಾಗಿ ಬಿದ್ದಿರುತ್ತದೆ.

ಅರಣ್ಯ ಇಲಾಖೆಯ ಲೆಕ್ಕದಲ್ಲಿ ಈ ಮೂರು ತಾಲ್ಲೂಕು ಸೇರಿ ಒಂದು ಕೊಪ್ಪ ವಿಭಾಗ. ಕಾಡಿನ ಲೆಕ್ಕದಲ್ಲಿ ಮಾತ್ರ ಇವು ಮೂರು ಬೇರೆ ಬೇರೆ ದೇಶ. ಪಶ್ಚಿಮಕ್ಕೆ ಶೃಂಗೇರಿ: ಕಿಗ್ಗ, ನರಸಿಂಹ ಪರ್ವತ, ನೆಮ್ಮಾರು, ಕೆರೆಕಟ್ಟೆ, ಅದರಾಚೆ 1987ರಲ್ಲಿ ರಾಷ್ಟ್ರೀಯ ಉದ್ಯಾನವಾದ ಕುದುರೆಮುಖದ ಶೋಲಾ, ಹುಲ್ಲುಗಾವಲು. ನಡುವೆ ಕೊಪ್ಪದ ಅಡಿಕೆ, ಕಾಫಿ. ಪೂರ್ವಕ್ಕೆ ಎನ್.ಆರ್. ಪುರ: ಬಿದಿರು, ಸಾಗುವಾನಿಯ ಎಲೆ ಉದುರುವ ಕಾಡು, ಭದ್ರಾ ಜಲಾಶಯದ ಹಿನ್ನೀರು, ಆಚೆ ದಡದಲ್ಲಿ 1998ರಲ್ಲಿ ಹುಲಿ ಯೋಜನೆಗೆ ಸೇರಿದ ಭದ್ರಾ ಅಭಯಾರಣ್ಯ. ಒಂದು ದಿನ ಕೆರೆಕಟ್ಟೆಯಲ್ಲಿ ಕೆಲಸ ಮುಗಿಸಿ ಮರುದಿನ ಮುತ್ತಿನಕೊಪ್ಪದ ಕಡೆ ಹೋದರೆ ಕಾಲ ಕೆಳಗೆ ಬಿದ್ದಿರುವುದೇ ಬೇರೆಯಾಗಿರುತ್ತಿತ್ತು.

ಶೃಂಗೇರಿ ಕಡೆಯ ತಾಪತ್ರಯ ಮಳೆ. ಜೂನ್ ಹಿಡಿಯಿತೆಂದರೆ ನೆಲದ ಮೇಲೆ ಯಾವ ಸಾಕ್ಷಿಯೂ ನಿಲ್ಲುವುದಿಲ್ಲ. ಮಳೆ ತೊಳೆಯದಿದ್ದರೆ ಸಗಣಿ ಹುಳ ಬಿಡುವುದಿಲ್ಲ. ಕಾಟಿ ಹಾಕಿದ ತೊಪ್ಪೆಯ ಪಕ್ಕ ಒಮ್ಮೆ ಮಳೆ ನಿಂತ ಹೊತ್ತಿನಲ್ಲಿ ಕಾಯುತ್ತ ಕೂತಿದ್ದೆ. ಹತ್ತಿರದ ಮನೆಯವರು ಕಷಾಯ ಕಾಯಿಸಿ ಕರೆಯುವಷ್ಟರಲ್ಲಿ ಅದರ ಮೈಯೆಲ್ಲ ತೂತು ಬಿದ್ದು, ಬದಿಯಲ್ಲಿ ಹೊಸಮಣ್ಣಿನ ಸಣ್ಣ ಸಣ್ಣ ಗುಪ್ಪೆ ಎದ್ದಿತ್ತು. ಈ ಹುಳಗಳಲ್ಲಿ ಉಂಡೆ ಕಟ್ಟಿ ಉರುಳಿಸುವವು ಒಂದು ಬಗೆ, ಅಲ್ಲೇ ಕೆಳಗೆ ಬಿಲ ತೋಡಿ ಇಳಿಸಿಕೊಳ್ಳುವವು ಇನ್ನೊಂದು ಬಗೆ, ತೊಪ್ಪೆಯೊಳಗೇ ಸಂಸಾರ ಹೂಡುವವು ಮತ್ತೊಂದು. ನಾನು ಕಂಡದ್ದು ಎರಡನೆಯ ಬಗೆಯ ಕೆಲಸ. ಗೊಬ್ಬರದ ಗುಂಡಿಗೆ ವರ್ಷವಿಡೀ ಸೊಪ್ಪು ಹೊರುವ ನಮ್ಮ ಜನ ಇದನ್ನೊಮ್ಮೆ ಕೂತು ನೋಡಬೇಕು. ಕೂರುವಾಗ ಉಂಬಳಕ್ಕೆ ಸುಣ್ಣ ಇಟ್ಟುಕೊಂಡಿರಬೇಕು ಅಷ್ಟೆ.

ಹಾಗಾಗಿ ಶೃಂಗೇರಿಯಲ್ಲಿ ಓದಬೇಕಾದದ್ದು ಬಂಡೆಯ ಮೇಲೆ. ಮರಬೆಕ್ಕು ತನ್ನ ಕೆಲಸವನ್ನು ಮುಗಿಸುವುದು ಬಂಡೆ, ಬಿದ್ದ ಮರ, ಸಾರದ ಮೇಲೆ, ಎತ್ತರದ ಜಾಗಗಳಲ್ಲಿ. ಬೇಸಗೆಯಲ್ಲಿ ಅಲ್ಲಿ ಬೈನೆ ಮರದ ಬೀಜದ ರಾಶಿಯೇ ಸಿಗುತ್ತದೆ. ಬೈನೆ ಹಣ್ಣು ಮುಟ್ಟಿದವರಿಗೆ ಗೊತ್ತು ಅದರ ತುರಿಕೆ ಎಂಥದು ಎಂದು. ಅದರ ತಿರುಳಿನಲ್ಲಿ ಸೂಜಿಯಂಥ ಆಕ್ಸಲೇಟ್ ಹರಳುಗಳಿವೆ. ಮರಬೆಕ್ಕಿಗೆ ಅದು ಲೆಕ್ಕಕ್ಕಿಲ್ಲ. ಹಣ್ಣು ನುಂಗಿ, ತಿರುಳು ಅರಗಿಸಿ, ಬೀಜವನ್ನು ತೊಳೆದಿಟ್ಟ ಹಾಗೆ ಬಿಟ್ಟು ಹೋಗುತ್ತದೆ. ಕಿಗ್ಗದ ಕಡೆ ಒಂದು ಹಾಸುಬಂಡೆಯ ಬಿರುಕಿನ ಉದ್ದಕ್ಕೂ ಬೈನೆ ಸಸಿಗಳು ಸಾಲು ಹಿಡಿದು ಎದ್ದಿದ್ದವು. ಯಾರೋ ನೆಟ್ಟದ್ದೆಂದು ಅಲ್ಲಿಯವರು ಹೇಳುತ್ತಿದ್ದರು, ಹೌದು ನೆಟ್ಟದ್ದೇ. ಮುಂದೆ ಎನ್.ಆರ್. ಪುರದ ಕಡೆ ಬೈನೆ ಮರವನ್ನು ಆನೆ ಬೀಳಿಸಿ ತಿಂದು, ಅದರ ನಾರನ್ನು ಲದ್ದಿಯಲ್ಲಿ ಬಿಟ್ಟದ್ದು ಕಂಡಾಗಲೆಲ್ಲ ನನಗೆ ಕಿಗ್ಗದ ಆ ಬಂಡೆ ನೆನಪಿಗೆ ಬರುತ್ತಿತ್ತು.

ತುಂಗೆಯ ಬಂಡೆಗಳದ್ದು ಬೇರೆ ಕಥೆ. ನೆಮ್ಮಾರಿನ ಮೇಲ್ಗಡೆ ಹೊಳೆಯ ನಡುವಿನ ಕಲ್ಲುಗಳ ಮೇಲೆ ಒಣಗಿದ ಬೂದುಬಣ್ಣದ ಪುಡಿಪುಡಿ ರಾಶಿ ಬಿದ್ದಿರುತ್ತಿತ್ತು. ಕಡ್ಡಿಯಿಂದ ಕೆದಕಿದರೆ ಏಡಿಯ ಚಿಪ್ಪಿನ ಚೂರು, ಕೆಂಪು ತಿರುಗಿದ ಕೊಂಡಿಯ ತುದಿ, ನಡುನಡುವೆ ಮೀನಿನ ಹೊರಪೊರೆ. ವಾಸನೆಯೇ ಹೇಳುತ್ತದೆ ನೀರುನಾಯಿ ಎಂದು. ಮಲೆಯ ತೊರೆಗಳಲ್ಲಿರುವ ಚಿಕ್ಕ ಜಾತಿಯ ನೀರುನಾಯಿಗೆ ಏಡಿಯೇ ಮುಖ್ಯ ಊಟ. ಭದ್ರಾ ಹಿನ್ನೀರಿನಲ್ಲಿ ಗುಂಪು ಕಟ್ಟಿ ಈಜುವ ದೊಡ್ಡ ಜಾತಿಯದು ಮೀನುಗಳ್ಳ, ಅದರ ರಾಶಿಯಲ್ಲಿ ಪೊರೆ ಮುಳ್ಳುಗಳೇ ಹೆಚ್ಚು. ನೆಮ್ಮಾರಿನ ಕಡೆ ಯಾರೂ ನೀರುನಾಯಿಯನ್ನು ನೋಡಿದ್ದೇನೆಂದು ನನಗೆ ಹೇಳಲಿಲ್ಲ, ನಾನೂ ಅಲ್ಲಿ ನೋಡಲಿಲ್ಲ. ಆದರೆ ಅದೇ ಕಲ್ಲಿನ ಮೇಲೆ ವರ್ಷ ವರ್ಷವೂ ಹಳೆಯದರ ಮೇಲೆ ಹೊಸದು ಬೀಳುತ್ತಿತ್ತು. ಏಡಿ ಹಿಡಿಯಲು ಹೋಗುವ ಹುಡುಗರಿಗೆ ಆ ಕಲ್ಲು ತೋರಿಸಿದರೆ, "ಥೂ, ಡಾಕ್ಟ್ರೇ!" ಎನ್ನುತ್ತ ಓಡಿಹೋಗುತ್ತಿದ್ದರು.

ಮಂಗಟ್ಟೆ ಹಕ್ಕಿಯನ್ನು ಇಲ್ಲಿ ಹೇಳದೆ ಬಿಡಲಾಗದು. ಹೆಣ್ಣು ಮರದ ಪೊಟರೆಯೊಳಗೆ ಹೊಕ್ಕು, ಕೊಕ್ಕು ಹೊರಹಾಕುವಷ್ಟು ಸಂದಿ ಬಿಟ್ಟು ಉಳಿದ ಬಾಯನ್ನು ತನ್ನ ಹಿಕ್ಕೆಯಿಂದಲೇ ಮೆತ್ತಿ ಮುಚ್ಚಿಕೊಳ್ಳುತ್ತದೆ. ಒಳಗಿಂದ ಉಗುಳಿದ, ಹೊರಚೆಲ್ಲಿದ ಬೀಜಗಳು ಮರದ ಬುಡದಲ್ಲಿ ಮೊಳೆಯುತ್ತವೆ. ಗೂಡು ಹುಡುಕಬೇಕೆಂದರೆ ಮರದ ಮೇಲೆ ನೋಡುವ ಅಗತ್ಯವಿಲ್ಲ.

ಕೊಪ್ಪದ್ದು ಮನೆಯ ಹಿತ್ತಿಲಿನ ಕಾಡು. ಅಲ್ಲಿನ ಹಿಕ್ಕೆಗಳೆಲ್ಲ ನಮ್ಮ ಬೆಳೆಯ ಲೆಕ್ಕದ ಜೊತೆ ಸೇರಿಕೊಂಡಿವೆ. ಹಣ್ಣಡಿಕೆಯ ಕಾಲದಲ್ಲಿ ಬಾವಲಿ ಸಿಪ್ಪೆಯ ಸಿಹಿ ಚೀಪಿ ಎಲ್ಲೋ ಮರದ ಕೆಳಗೆ ಉದುರಿಸಿದ ಅಡಿಕೆಯನ್ನು ಆಯ್ದು ತರುವ ಹೆಂಗಸರಿದ್ದರು. ಕಾಫಿ ಹಣ್ಣಾದಾಗ ಮರಬೆಕ್ಕು ಚೆನ್ನಾಗಿ ಕಳಿತ ಹಣ್ಣನ್ನೇ ಹುಡುಕಿ ತಿಂದು, ಬೀಜವನ್ನು ಒಟ್ಟಿಗೆ ಅಂಟಿಸಿ ಕಾಲುದಾರಿಯ ಕಲ್ಲಿನ ಮೇಲೆ ಇಡುತ್ತಿತ್ತು. ಅದನ್ನು ಆಯ್ದು ತೊಳೆದು ರಾಶಿಗೆ ಸೇರಿಸುವುದು ಮಕ್ಕಳ ಕೆಲಸ. ಯಾರೂ ಅದಕ್ಕೆ ವಿಶೇಷ ಹೆಸರಿಟ್ಟಿರಲಿಲ್ಲ. ಈಗ ಇಂಡೋನೇಷ್ಯದ ಲುವಾಕ್ ಕಾಫಿಯ ಬೆಲೆ ಕೇಳಿದವರು ಇದರ ಬಗ್ಗೆ ವಿಚಾರಿಸುತ್ತಾರೆ. ನಾನು ಒಮ್ಮೆ ಒಬ್ಬರ ಮನೆಯಲ್ಲಿ ಅದನ್ನೇ ಹುರಿದು ಪುಡಿಮಾಡಿದ ಕಾಫಿ ಕುಡಿದಿದ್ದೇನೆ. ಚಿಕೋರಿ ಕಡಿಮೆ ಇದ್ದದ್ದೇ ಅದರ ದೊಡ್ಡ ಗುಣ. ಆದರೆ ಅದಕ್ಕಾಗಿ ಬೆಕ್ಕನ್ನು ಪಂಜರದಲ್ಲಿಟ್ಟು ಬರೀ ಕಾಫಿ ಹಣ್ಣು ತಿನ್ನಿಸುವುದಿದೆಯಲ್ಲ, ಆ ವ್ಯವಹಾರ ಇಲ್ಲಿಗೆ ಬರಬಾರದು. ಹಣ್ಣು ಆರಿಸುವ ಬುದ್ಧಿ ಬೆಕ್ಕಿನದು. ಪಂಜರದಲ್ಲಿ ಆರಿಸುವುದಕ್ಕೆ ಏನಿದೆ?

ಕೊಪ್ಪದಲ್ಲಿ ನನ್ನನ್ನು ಬಹಳ ದಿನ ಕಾಡಿದ್ದು ಒಂದು ಕರುವಿನ ಪ್ರಕರಣ. ಊರಿನ ಹೆಸರು ಬೇಡ. ಮೇಯಲು ಹೋದ ಕಡಸು ಸಂಜೆ ಬರಲಿಲ್ಲ. ಎರಡು ದಿನ ಹುಡುಕಿದರು, ಸಿಗಲಿಲ್ಲ. ಮೂರನೆಯ ದಿನಕ್ಕೆ ಊರೆಲ್ಲ ಹುಲಿಯ ಸುದ್ದಿ. ಮನೆಯ ಯಜಮಾನರು ಫಾರೆಸ್ಟ್ ಗಾರ್ಡನ್ನೂ ನನ್ನನ್ನೂ ಕರೆಸಿದರು. ಕಾಡುಪ್ರಾಣಿ ಹಿಡಿದ ಜಾನುವಾರಿಗೆ ಸರ್ಕಾರದ ಪರಿಹಾರ ಬರಬೇಕಾದರೆ ಸತ್ತ ದನವನ್ನು ನೋಡಿ ಪಶುವೈದ್ಯ ಬರೆದುಕೊಡಬೇಕು. ಕುತ್ತಿಗೆಯ ಹಲ್ಲಿನ ಗುರುತು, ಅದರ ಸುತ್ತ ಹೆಪ್ಪುಗಟ್ಟಿದ ರಕ್ತ, ತಿನ್ನಲು ಶುರುಮಾಡಿದ ಜಾಗ, ಎಳೆದುಕೊಂಡು ಹೋದ ಜಾಡು, ಇವೆಲ್ಲ ಬೇಕು. ಇಲ್ಲಿ ಹೆಣವೇ ಇಲ್ಲ.

ತೋಟದ ರಸ್ತೆಯ ತಿರುವಿನಲ್ಲಿ ಗಾರ್ಡ್ ಒಂದು ಕಡೆ ನಿಂತು ಕೈ ತೋರಿಸಿದರು. ನೆಲವನ್ನು ಹಿಂಗಾಲಿನಿಂದ ಕೆರೆದ ಗುರುತು, ಅದರ ತುದಿಯಲ್ಲಿ ಮಲ. ತಿರುಚಿಕೊಂಡ ತುಂಡುಗಳು, ಒಂದು ಬದಿ ಬಿಸಿಲಿಗೆ ಬಿಳಿಚಿದೆ. ಎಲುಬು ತಿಂದ ಪ್ರಾಣಿಯ ಮಲ ಸುಣ್ಣದಂಶದಿಂದ ಒಣಗುತ್ತ ಬೆಳ್ಳಗಾಗುತ್ತದೆ. ಹುಲಿಯೋ ಚಿರತೆಯೋ? ಹುಲಿಯದು ದಪ್ಪ, ಮಡಿಕೆ ಕಡಿಮೆ, ಚಿರತೆಯದು ಹೆಚ್ಚು ಸುರುಳಿ ಎಂದು ಪುಸ್ತಕದಲ್ಲಿದೆ. ಆದರೆ ದೊಡ್ಡ ಗಂಡು ಚಿರತೆಯದ್ದೂ ಎಳೆಯ ಹುಲಿಯದ್ದೂ ಗಾತ್ರದಲ್ಲಿ ಒಂದೇ ಆಗಬಹುದು. ಕಣ್ಣಳತೆಯಲ್ಲಿ ತೀರ್ಪು ಕೊಡುವವರನ್ನು ನಾನು ನಂಬುವುದಿಲ್ಲ. ಗಾರ್ಡ್ ಒಪ್ಪಿದ ಮೇಲೆ ಒಂದು ತುಂಡನ್ನು ಕಡ್ಡಿಯಿಂದ ಔಷಧಿಯ ಖಾಲಿ ಕವರಿಗೆ ಹಾಕಿಕೊಂಡೆ. ಅದು ಖಾಸಗಿ ತೋಟವಾದ್ದರಿಂದ ಆಯಿತು, ರಾಷ್ಟ್ರೀಯ ಉದ್ಯಾನದೊಳಗಾದರೆ ಅಪ್ಪಣೆಯಿಲ್ಲದೆ ಅದನ್ನೂ ಎತ್ತುವಂತಿಲ್ಲ.

ಆಸ್ಪತ್ರೆಯ ಹಿಂದಿನ ಕಟ್ಟೆಯ ಮೇಲೆ ಕೈಗವಸು ಹಾಕಿಕೊಂಡು, ಬಿಸಿನೀರಲ್ಲಿ ನೆನೆಹಾಕಿ, ಹಳೆಯ ಚಹಾ ಜರಡಿಯಲ್ಲಿ ತೊಳೆದೆ. ಕೊಳೆ ಹೋದ ಮೇಲೆ ಉಳಿಯುವುದು ಹೊಟ್ಟೆಗೆ ಕರಗದವು: ಕೂದಲು, ಉಗುರು, ಗೊರಸು, ಹಲ್ಲು, ಎಲುಬಿನ ಚೂರು. ಜರಡಿಯಲ್ಲಿ ಮೊದಲು ಕಂಡದ್ದು ಗಿಡ್ಡ ಕೂದಲಿನ ಒಂದು ಮುದ್ದೆ, ಕಂದು ಬಿಳಿ ಎರಡೂ ಸೇರಿದ್ದು. ಆಮೇಲೆ ಒಂದು ಪಕ್ಕೆಲುಬಿನ ತುದಿ. ಆಮೇಲೆ ಕಪ್ಪಗಿನ, ಬಾಗಿದ, ತುದಿ ಸವೆದು ಮೊಂಡಾದ ಉಗುರುಗಳು. ಕರುವಿಗೆ ಗೊರಸಿರುತ್ತದೆ, ಉಗುರಲ್ಲ. ಬೆಕ್ಕಿನ ಜಾತಿಯ ಉಗುರು ಚೂಪಾಗಿರುತ್ತದೆ. ನೆಲದ ಮೇಲೆ ಓಡಾಡಿ ಉಗುರು ಸವೆಸಿಕೊಳ್ಳುವುದು ನಾಯಿ. ಕೊನೆಗೆ ಜರಡಿಯ ತಳದಲ್ಲಿ ಒಂದು ಗೇಣಿಗಿಂತ ಕಡಿಮೆ ಉದ್ದದ ಕೆಂಪು ನೈಲಾನ್ ದಾರ ಸಿಕ್ಕಿತು, ಗಂಟು ಹಾಕಿದ್ದು.

ಆ ದಾರ ನೋಡಿ ಪಕ್ಕದ ಮನೆಯವರು ಸುಮ್ಮನಾದರು. ಅವರ ನಾಯಿ ವಾರದ ಹಿಂದೆ ಕಾಣೆಯಾಗಿತ್ತು, ಯಾರೋ ಹೊಡೆದುಕೊಂಡು ಹೋದರೆಂದು ಒಬ್ಬರ ಮೇಲೆ ಅನುಮಾನವನ್ನೂ ಇಟ್ಟುಕೊಂಡಿದ್ದರು. ಸೂಕ್ಷ್ಮದರ್ಶಕದಲ್ಲಿ ಇಟ್ಟಾಗ ಆ ಕೂದಲ ಮುದ್ದೆಯಲ್ಲಿ ಬೇರೆ ರೀತಿಯ ಒಂದೆರಡು ಕೂದಲೂ ಇದ್ದವು. ಬೆಕ್ಕಿನ ಜಾತಿ ಮೈ ನೆಕ್ಕಿಕೊಳ್ಳುವಾಗ ತನ್ನ ಕೂದಲನ್ನೂ ನುಂಗುತ್ತದೆ, ಹಾಗಾಗಿ ಮಲದಲ್ಲಿ ತಿಂದವನ ವಿಳಾಸವೂ ಇರುತ್ತದೆ. ಇಲಾಖೆಯವರು ಆ ತಿಂಗಳು ಅಲ್ಲೇ ಕಂಡ ಹೆಜ್ಜೆ ಚಿರತೆಯದ್ದೇ. ನಾನು ಹೋಗಿ ಯಜಮಾನರಿಗೆ ಹೇಳಿದೆ, ಹುಲಿಯಲ್ಲ, ಚಿರತೆ, ತಿಂದದ್ದು ನಾಯಿಯನ್ನು. ಅವರು ತಾಳ್ಮೆಯಿಂದ ಕೇಳಿ, "ನಾಯಿ ತಿಂದಿದೆ ಅಂತ ಅದ್ರಲ್ಲಿದೆ, ಸರಿ ಮಾರಾಯ್ರೆ. ನನ್ನ ಕರ ತಿಂದಿಲ್ಲ ಅಂತ ಅದ್ರಲ್ಲಿ ಎಲ್ಲಿದೆ?" ಎಂದರು.

ಅವರ ಮಾತು ನೂರಕ್ಕೆ ನೂರು ಸರಿ. ಚಿರತೆ ತಿಂದದ್ದು ಹೊರಗೆ ಬರಲು ದಿನಗಳೇ ಹಿಡಿಯುತ್ತವೆ, ಒಂದು ತುಂಡು ಮಲವೆಂದರೆ ಕಳೆದ ಯಾವುದೋ ಒಂದು ಊಟದ ಕಥೆ. ತಿಂದದ್ದು ಅದರಲ್ಲಿರುತ್ತದೆ, ತಿನ್ನದೇ ಇದ್ದದ್ದಕ್ಕೆ ಅದು ಸಾಕ್ಷಿಯಲ್ಲ. ಕಡಸು ಏನಾಯಿತೆಂದು ಕೊನೆಗೂ ಗೊತ್ತಾಗಲಿಲ್ಲ, ಪರಿಹಾರವೂ ಬರಲಿಲ್ಲ. ಆದರೆ ಊರಿನ ಬಾಯಲ್ಲಿದ್ದ ಹುಲಿ ಹೋಯಿತು. ನಾಯಿಗಳನ್ನು ರಾತ್ರಿ ಒಳಗೆ ಕಟ್ಟತೊಡಗಿದರು, ಪಕ್ಕದ ಮನೆಯವರು ತಾವು ಅನುಮಾನಪಟ್ಟವನ ಜೊತೆ ಮಾತು ಶುರುಮಾಡಿದರು. ಕರ್ನಾಟಕದ ಊರಂಚಿನ ಚಿರತೆಗಳಿಗೆ ನಾಯಿ ಸುಲಭದ ಊಟ ಎಂಬುದು ಈಗ ಎಲ್ಲರಿಗೂ ಗೊತ್ತಿರುವ ವಿಷಯ. ಆಗ ಅದನ್ನು ಹೇಳಿದರೆ, ಚಿರತೆಯ ಪಕ್ಷದವನು ಎನ್ನುತ್ತಿದ್ದರು.

ಆಮೇಲೆ ಕೂದಲು ನೋಡುವುದು ನನಗೊಂದು ಚಟವೇ ಆಯಿತು. ಸಂಜೆ ಆಸ್ಪತ್ರೆಯಲ್ಲಿ ಕೆಲಸವಿಲ್ಲದಾಗ ಗಾಜಿನ ಪಟ್ಟಿಗಳನ್ನು ಮುಂದಿಟ್ಟುಕೊಂಡು ಕೂರುತ್ತಿದ್ದೆ. ಕಾಡುಹಂದಿಯ ರೋಮ ತುದಿಯಲ್ಲಿ ಕವಲೊಡೆದಿರುತ್ತದೆ, ಅದಕ್ಕೆ ಸೂಕ್ಷ್ಮದರ್ಶಕವೂ ಬೇಡ. ಮೊಲದ ಕೂದಲ ನಡುವಿನ ತಿರುಳು ಸಾಲು ಸಾಲು ಮನೆಗಳಾಗಿ ಕಾಣುತ್ತದೆ. ಕಡವೆಯದರಲ್ಲಿ ಕೂದಲ ಅಗಲವನ್ನೆಲ್ಲ ತಿರುಳೇ ತುಂಬಿರುತ್ತದೆ. ಚಿರತೆಯ ಮಲದಲ್ಲಿ ಮುಳ್ಳುಹಂದಿಯ ಮುಳ್ಳಿನ ತುಂಡು ಸಿಕ್ಕಿದ ದಿನ ಮನೆಗೆ ಹೋಗಿ ಹೇಳಿದರೆ, ಊಟದ ಹೊತ್ತಿನಲ್ಲಿ ಇಂಥದ್ದನ್ನೆಲ್ಲ ಹೇಳಬಾರದೆಂದು ಹೆಂಡತಿ ಕಾನೂನು ಮಾಡಿದಳು. ಆ ಕಾನೂನು ಇನ್ನೂ ಜಾರಿಯಲ್ಲಿದೆ.

ಓದುವವರಲ್ಲಿ ಯಾರಿಗಾದರೂ ಹುರುಪು ಬಂದರೆ ಒಂದು ಮಾತು, ಇದು ವೈದ್ಯನ ಮಾತು. ಮಾಂಸಾಹಾರಿಗಳ ಮಲವನ್ನು ಬರಿಗೈಯಲ್ಲಿ ಮುಟ್ಟಬೇಡಿ, ಮೂಗಿನ ಹತ್ತಿರ ತರಬೇಡಿ. ಅದರಲ್ಲಿ ಲಾಡಿಹುಳದ ಮೊಟ್ಟೆಗಳಿರಬಹುದು. ಕಡ್ಡಿ ಸಾಕು. ದರಗಿನ ಮೇಲೆ ಕುಕ್ಕರಗಾಲಲ್ಲಿ ಕೂತು ನೋಡುವ ಚಪಲವನ್ನು ಜನವರಿಯಿಂದ ಮೇ ತನಕ ಸ್ವಲ್ಪ ಹಿಡಿದಿಟ್ಟುಕೊಳ್ಳಬೇಕು. ಆಗಲೇ ಉಣುಗು ಮರಿಗಳು ದರಗಿನಲ್ಲಿ ತುಂಬಿರುವುದು. 1957ರಲ್ಲಿ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರಿನಲ್ಲಿ ಗುರುತಿಸಿದ ಮಂಗನ ಕಾಯಿಲೆ ನಮ್ಮ ಈ ಮೂರು ತಾಲ್ಲೂಕುಗಳನ್ನೂ ಬಿಟ್ಟಿಲ್ಲ. ನಾನು ಕಾಲಿಗೆ ಎಣ್ಣೆ ಹಚ್ಚಿ, ಪ್ಯಾಂಟನ್ನು ಸಾಕ್ಸಿನೊಳಗೆ ತುರುಕಿಯೇ ಹೋಗುತ್ತಿದ್ದುದು. ನೋಡಿದವರು ನಗುತ್ತಿದ್ದರು, ನಗಲಿ.

ಎನ್.ಆರ್. ಪುರಕ್ಕೆ ವರ್ಗವಾದಾಗ ಹೊಸ ಶಾಲೆಗೆ ಸೇರಿದ ಹಾಗಾಯಿತು. ಶೃಂಗೇರಿ ಸೀಮೆಯ ಮಕ್ಕಳಿಗೆ ಆನೆ ಲದ್ದಿಯೆಂದರೆ ಮಠದ ಆನೆಯದು. ಬಿಸಿ ಲದ್ದಿಯಲ್ಲಿ ನಿಂತರೆ ಹಿಮ್ಮಡಿ ಒಡೆಯುವುದಿಲ್ಲವೆಂದು ಅಜ್ಜಿಯರು ನಮ್ಮನ್ನು ನಿಲ್ಲಿಸುತ್ತಿದ್ದರು. ಎನ್.ಆರ್. ಪುರದ ಕಾಡಿನಲ್ಲಿ ಬಿಸಿ ಲದ್ದಿ ಕಂಡರೆ ಯಾರೂ ಅದರಲ್ಲಿ ನಿಲ್ಲುವುದಿಲ್ಲ, ಬಂದ ದಾರಿ ಹಿಡಿಯುತ್ತಾರೆ. ಆನೆಗೆ ಮೆಲುಕಿಲ್ಲ. ಅದು ತಿಂದದ್ದು ಹುದುಗುವುದು ಹಿಂದಿನ ದೊಡ್ಡ ಕರುಳಲ್ಲಿ, ಅರಗುವುದು ಅರ್ಧಕ್ಕಿಂತಲೂ ಕಡಿಮೆ. ದಿನಕ್ಕೆ 15ರಿಂದ 20 ಸಲ ಹಾಕುವ ಲದ್ದಿಯಲ್ಲಿ ಬಿದಿರಿನ ಸೀಳು, ಬೈನೆಯ ನಾರು, ಇಡೀ ಹಲಸಿನ ಬೀಜ ಎಲ್ಲ ಕಣ್ಣಿಗೆ ಕಾಣುತ್ತವೆ. ಹಲಸಿನ ಕಾಲದಲ್ಲಿ ಲದ್ದಿ ನೋಡಿದರೆ ಯಾರ ತೋಟದ ಹಲಸಿಗೆ ಹೋಗಿತ್ತೆಂದು ಕೂಡ ಅಲ್ಲಿಯವರು ಹೇಳಿಬಿಡುತ್ತಿದ್ದರು. ಲದ್ದಿಯುಂಡೆಯ ಅಗಲದಿಂದ ಆನೆಯ ವಯಸ್ಸು ಅಂದಾಜಾಗುತ್ತದೆ, ಮರಿಯದು ಸಣ್ಣ, ವಯಸ್ಕ ಆನೆಯದು ದೊಡ್ಡ. ಒಂದೇ ಜಾಗದಲ್ಲಿ ಎರಡೂ ಇದ್ದರೆ ಹಿಂಡೆಂದು ಅರ್ಥ, ದೊಡ್ಡದೊಂದೇ ಇದ್ದರೆ ಹೆಚ್ಚಾಗಿ ಒಂಟಿ ಗಂಡು.

ಕರಡಿಯ ಮಲವನ್ನು ಮೊದಲು ಸರಿಯಾಗಿ ಕಂಡದ್ದೂ ಅಲ್ಲೇ. ಬೇಸಗೆಯಲ್ಲಿ ಕಕ್ಕೆಕಾಯಿ ತಿಂದು ಹಾಕಿದ ಕಂದುಬೀಜಗಳ ರಾಶಿ, ಬೇರೆ ದಿನಗಳಲ್ಲಿ ಗೆದ್ದಲು, ಇರುವೆಯ ತಲೆಗಳು ಮಿನುಗುವ ಕಪ್ಪು ಪುಡಿ. ಕಾಡಿನ ಕೂಡುದಾರಿಗಳಲ್ಲಿ ಸೀಳುನಾಯಿಗಳ ಸಾಮೂಹಿಕ ಶೌಚಾಲಯ: ಇಡೀ ಗುಂಪು ಒಂದೇ ಜಾಗದಲ್ಲಿ ಹಾಕಿ ಹೋಗುತ್ತದೆ, ಎಲ್ಲದರಲ್ಲೂ ಒಂದೇ ಜಿಂಕೆಯ ಕೂದಲು. ಕೊಂಡುಕುರಿಯೂ ಹಾಕಿದ ಜಾಗಕ್ಕೇ ಮತ್ತೆ ಮತ್ತೆ ಬಂದು ಹಾಕುತ್ತದೆ. ಒಣಕಾಡಿನ ನಾಚಿಕೆಯ ಪ್ರಾಣಿ ಅದು, ಆ ರಾಶಿಯೊಂದೇ ಅದರ ಗುರುತು. ಹಿನ್ನೀರು ಇಳಿದಾಗ ಬಯಲಾಗುವ ಹೊಸಹುಲ್ಲಿನ ಮೇಲೆ ಕಾಟಿ, ಜಿಂಕೆ, ಆನೆ ಎಲ್ಲದರ ಲೆಕ್ಕವೂ ಒಟ್ಟಿಗೆ ಬಿದ್ದಿರುತ್ತದೆ. ನಡುವೆ ಊರಿನ ದನದ್ದೂ. ಕಾಟಿಯ ತೊಪ್ಪೆಗೂ ದನದ ತೊಪ್ಪೆಗೂ ವ್ಯತ್ಯಾಸ ಹೇಳುವುದು ಬಹಳ ಕಷ್ಟ. ಗೊರಸಿನ ಅಗಲ ನೋಡಬೇಕು, ಬಿದ್ದ ಜಾಗ ನೋಡಬೇಕು. ಎರಡೂ ಒಂದೇ ಹುಲ್ಲು ಮೇಯುವಲ್ಲಿ ರೋಗವೂ ಹಂಚಿಕೆಯಾಗುತ್ತದೆಂಬ ಭಯ ನನಗೆ ಸದಾ ಇತ್ತು. ದನ ನೀರುನೀರಾಗಿ ಹಾಕಿ ಸಾಯುತ್ತಿದ್ದ ದೊಡ್ಡರೋಗ 2011ರಲ್ಲಿ ಜಗತ್ತಿನಿಂದಲೇ ಹೋಯಿತೆಂದು ಘೋಷಿಸಿದರು, ಕಾಲುಬಾಯಿ ಜ್ವರ ಹೋಗಿಲ್ಲ.

ಹುಲಿ ಗಣತಿಗೆ ಬಂದ ವಾಚರ್‌ಗಳ ಜೊತೆ ನಾನೂ ಸೇರಿಕೊಂಡು ನಡೆದಿದ್ದೇನೆ. 2006ರಿಂದ ನಾಲ್ಕು ವರ್ಷಕ್ಕೊಮ್ಮೆ ದೇಶದಾದ್ಯಂತ ನಡೆಯುವ ಅದರ ಮೊದಲ ಹಂತವೆಂದರೆ ಕಾಡುದಾರಿಯಲ್ಲಿ ನಡೆದು ಮಾಂಸಾಹಾರಿಗಳ ಮಲ, ಹೆಜ್ಜೆ, ಕೆರೆತ ಬರೆದುಕೊಳ್ಳುವುದು, ಆಮೇಲೆ 2 ಕಿ.ಮೀ ನೇರಗೆರೆಯ ಮೇಲೆ ಅಲ್ಲಲ್ಲಿ ತುಂಡು ನೆಲ ಗುರುತಿಸಿ ಅದರೊಳಗಿನ ಹಿಕ್ಕೆ ಎಣಿಸುವುದು. ಹೊರಗಿನವರಿಗೆ ಗಣತಿಯೆಂದರೆ ಕ್ಯಾಮೆರಾದಲ್ಲಿ ಸಿಕ್ಕ ಹುಲಿ. ಅದಕ್ಕೂ ಮೊದಲು ಯಾರೋ ಒಬ್ಬ ವಾಚರ್ ಮಂಡಿಯೂರಿ ಕಡವೆಯ ಹಿಕ್ಕೆ ಎಣಿಸಿರುತ್ತಾನೆ, ಹಿಕ್ಕೆ ಇಲ್ಲದ ಕಾಡಿನಲ್ಲಿ ಹುಲಿ ಹುಡುಕಿ ಏನು ಪ್ರಯೋಜನ? ವಾಚರ್‌ಗಳಲ್ಲಿ ಹೆಚ್ಚಿನವರು ನಮ್ಮೂರಿನ ಹಾಡ್ಯಗಳಲ್ಲಿ ಬೆಳೆದವರು, ಅವರಿಗೆ ಯಾವ ತರಬೇತಿಯೂ ಬೇಕಿರಲಿಲ್ಲ. ಕಾಗದದ ಫಾರಂ ತುಂಬುವುದಷ್ಟೇ ಕಷ್ಟ. 2018ರಿಂದ ಅದೂ ಮೊಬೈಲಿಗೆ ಹೋಯಿತು.

ಈಗಿನ ವಿಜ್ಞಾನ ಅದನ್ನೂ ದಾಟಿ ಹೋಗಿದೆ. ಲದ್ದಿ ಕರುಳಿನಲ್ಲಿ ಜಾರುವಾಗ ಕರುಳಿನ ಒಳಪದರದ ಜೀವಕೋಶಗಳನ್ನು ಉಜ್ಜಿಕೊಂಡು ಬರುತ್ತದೆ, ಹಾಗಾಗಿ ಅದರ ಹೊರಮೈ ಕೆರೆದು ಡಿಎನ್‌ಎ ತೆಗೆಯಬಹುದು. ಬಂಡೀಪುರದ ಹುಲಿಗಳ ಮೇಲೆ ಈ ಕೆಲಸ ನಡೆದು 2009ರಲ್ಲೇ ಪ್ರಬಂಧ ಬಂದಿತ್ತು. ಆನೆಗಳಿಗೆ ದೇಶಪೂರ್ತಿ ಇದೇ ವಿಧಾನ ಬಳಸಿದ ಮೊದಲ ವರದಿ 2025ರ ಅಕ್ಟೋಬರಿನಲ್ಲಿ ಬಂತು. 21 ಸಾವಿರಕ್ಕೂ ಹೆಚ್ಚು ಲದ್ದಿ ಮಾದರಿಗಳಿಂದ ದೇಶದಲ್ಲಿ 22,446 ಆನೆಗಳೆಂದು ಅಂದಾಜಿಸಿದರು. ಅದರಲ್ಲಿ ಕರ್ನಾಟಕದ್ದು 6,013, ಎಲ್ಲ ರಾಜ್ಯಗಳಿಗಿಂತ ಹೆಚ್ಚು. ಅಷ್ಟು ಲದ್ದಿಯನ್ನು ಹುಡುಕಿ ಹೋದವರ ಕಾಲುಗಳ ಬಗ್ಗೆ ಪತ್ರಿಕೆಗಳು ಬರೆಯಲಿಲ್ಲ.

ನಿವೃತ್ತನಾಗಿ ಕೊಪ್ಪದ ಹತ್ತಿರ ಮನೆ ಮಾಡಿಕೊಂಡ ಮೇಲೆ ನನ್ನ ಓಡಾಟ ಕಡಿಮೆಯಾಯಿತು. ಗುಡ್ಡಕ್ಕೆ ದನ ಬಿಡುವವರೂ ಕಡಿಮೆಯಾದರು. ಕೊಟ್ಟಿಗೆಯಲ್ಲಿ ಎರಡು ಜೆರ್ಸಿ ಕಟ್ಟಿ ಹಿಂಡಿ ಹಾಕುವ ಕಾಲದಲ್ಲಿ ಸಂಜೆಯ ವರದಿ ಒಪ್ಪಿಸಲು ಯಾರಿದ್ದಾರೆ? ಬದಲಿಗೆ ಮೊಬೈಲಿನಲ್ಲಿ ಫೋಟೋ ಬರುತ್ತದೆ. ಡಾಕ್ಟ್ರೇ, ಇದೆಂಥದು? ಹೆಚ್ಚಿನವು ಮರಬೆಕ್ಕಿನದು, ಇತ್ತೀಚೆಗೆ ನವಿಲಿನದೂ ಬಹಳ. ಗೂಬೆ ಕಕ್ಕಿದ ಉಂಡೆಯನ್ನು ಮಲವೆಂದು ಕಳಿಸಿದವರೂ ಇದ್ದಾರೆ, ಒಳಗಿದ್ದ ಇಲಿಯ ತಲೆಬುರುಡೆ ನೋಡಿ ಹೆದರಿದ್ದರು. ನಾನು ಎಲ್ಲರಿಗೂ ಮೂರೇ ಮಾತು ಕಳಿಸುತ್ತೇನೆ. ಪಕ್ಕದಲ್ಲಿ ಪೆನ್ನು ಇಟ್ಟು ತೆಗೆಯಿರಿ. ಬಿದ್ದದ್ದು ಎಲ್ಲಿ, ಬಂಡೆಯ ಮೇಲೋ ದಾರಿಯ ನಡುವೋ ಪೊದೆಯ ಒಳಗೋ? ಕಡ್ಡಿಯಿಂದ ಒಡೆದರೆ ಒಳಗೆ ಏನಿದೆ?

ಕಳೆದ ಬೇಸಗೆಯಲ್ಲಿ ಕೊಪ್ಪಕ್ಕೂ ಎನ್.ಆರ್. ಪುರಕ್ಕೂ ನಡುವಿನ ಒಂದು ತೋಟದಿಂದ ಬೆಳಗಿನ ಜಾವವೇ ಫೋಟೋ ಬಂತು. ಅಡಿಕೆ ಮರಗಳ ನಡುವೆ ಆನೆ ಲದ್ದಿ. ನಾನು ಸರ್ವೀಸಿನಲ್ಲಿದ್ದಾಗ ಆ ಕಡೆ ಆನೆ ಬಂದರೆ ಜಾತ್ರೆಯ ಹಾಗೆ ಜನ ಸೇರುತ್ತಿದ್ದರು, ಈಗ ಅದು ಅಪರೂಪವಲ್ಲ. ಕಳಿಸಿದ ಹುಡುಗ ಬೆಂಗಳೂರಿನ ಕೆಲಸ ಬಿಟ್ಟು ಬಂದು ತೋಟ ನೋಡಿಕೊಳ್ಳುತ್ತಿದ್ದವನು. ಆನೆಯೆಂದು ಅವನಿಗೇ ಗೊತ್ತಿತ್ತು. ಪಟಾಕಿ ತರಿಸಿದ್ದೇನೆ, ನಾಲ್ಕು ಜನ ಸೇರಿ ಮೇಲಿನ ಹಾಡ್ಯಕ್ಕೆ ಹೋಗಿ ಓಡಿಸುತ್ತೇವೆ ಎಂದು ಬರೆದಿದ್ದ. ಫೋಟೋವನ್ನು ದೊಡ್ಡದು ಮಾಡಿ ನೋಡಿದೆ. ಲದ್ದಿಯ ಮೈ ಇನ್ನೂ ಒದ್ದೆ, ಮೇಲೆ ನೊಣ ಕೂತಿದೆ, ಹುಳ ಇನ್ನೂ ಹೊಕ್ಕಿಲ್ಲ. ಚಿತ್ರದ ಅಂಚಿನಲ್ಲಿ, ಅಡಿಕೆ ಹಾಳೆಯ ಪಕ್ಕ, ಮುಷ್ಟಿಗಿಂತ ಚೂರು ದೊಡ್ಡದಾದ ಒಂದೆರಡು ಉಂಡೆ ಬೇರೆಯಾಗಿ ಬಿದ್ದಿವೆ. ಫೋನ್ ಮಾಡಿದೆ.

"ಯಾರೂ ಹಾಡ್ಯಕ್ಕೆ ಹತ್ತಬೇಡಿ. ಮರಿ ಇದೆ, ತಾಯಿ ಜೊತೆಗೇ ಇದೆ, ದೂರ ಹೋಗಿಲ್ಲ. ಪಟಾಕಿ ಮುಟ್ಟಬೇಡ, ಫಾರೆಸ್ಟಿನವರಿಗೆ ಹೇಳು. ಇವತ್ತು ಕೆಲಸದವರನ್ನ ಬರಬೇಡಿ ಅನ್ನು."

"ಮರಿ ಇರೋದು ನಿಮಗೆ ಹೇಗೆ ಗೊತ್ತಾಯ್ತು?" ಎಂದ. ಚಿತ್ರದ ಬಲಗಡೆಯ ಅಂಚು ನೋಡು ಎಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅದು ಮಣ್ಣುಹೆಂಟೆ ಅಂದ್ಕೊಂಡಿದ್ದೆ," ಎಂದ. ಆಮೇಲೆ ಫೋನಿಟ್ಟು ಕೆಲಸದವರಿಗೆ ಹೇಳಲು ಹೋದ.